ಎಡೆ ತಿಂದ ಸಿಡಿ ಡ್ರೈವು

ಕಂಪ್ಯೂಟರ್ ವಿಷಯದಲ್ಲಿ ನನಗೆ ಗೊತ್ತಿಲ್ಲದ್ದು ಏನೂ ಇಲ್ಲ ಅಂತ ನಾನು ಯಾವತ್ತೂ ಹೇಳಿಕೊಂಡವನಲ್ಲ. ಬೇರೆಯವರು ಹೇಳಿದಾಗ ಬೇಡ ಅನ್ನಲಿಲ್ಲ, ಅಷ್ಟೇ. ಮದ್ದೂರಿನ ಒಂದು ಹೈಸ್ಕೂಲಿನಲ್ಲಿ ನಾನು ಗುಮಾಸ್ತ. ಹಿಂದೊಮ್ಮೆ ಆಫೀಸಿನ ಕಂಪ್ಯೂಟರಿನಲ್ಲಿ ಸಿಡಿಯೊಂದು ಸಿಕ್ಕಿಕೊಂಡು, ಹೆಡ್‌ಮಾಸ್ಟರು ಅದನ್ನು ಕತ್ತರಿಯಿಂದ ಮೀಟಲು ಹೊರಟಾಗ, ನಾನು ಪೇಪರ್ ಕ್ಲಿಪ್ ನೆಟ್ಟಗೆ ಮಾಡಿ ಡ್ರೈವಿನ ಮುಂದಿದ್ದ ಸಣ್ಣ ತೂತಿಗೆ ಚುಚ್ಚಿದೆ. ತಟ್ಟೆ ಹೊರಗೆ ಬಂತು. ಅವತ್ತಿನಿಂದ ನಾನು ‘ಕಂಪ್ಯೂಟರ್ ಸಾರ್’. ಒಂದು ತೂತು, ಒಂದು ಕ್ಲಿಪ್ಪು, ಇಷ್ಟು ವರ್ಷದ ಕೀರ್ತಿ!

ಆದ್ದರಿಂದ ಮಹಾಲಯ ಅಮಾವಾಸ್ಯೆಗೆ ಹತ್ತು ದಿನ ಇರುವಾಗ ನನ್ನ ಹೆಂಡತಿ ಸುಮಿತ್ರಾ ಬೀರುವಿನಿಂದ ಒಂದು ಹಳೇ ಸಿಡಿ ತಂದು ಮುಂದಿಟ್ಟಾಗ ನನಗೆ ಒಂದಿಷ್ಟೂ ಅಳುಕಾಗಲಿಲ್ಲ.

“ನಮ್ಮ ಗೃಹಪ್ರವೇಶದ್ದು ಕಣ್ರೀ. ಇದ್ರೊಳಗೆ ಅವ್ವ ಮಾತಾಡವ್ಳೆ. ಹಬ್ಬದೊತ್ಗೆ ಕೇಳೋ ಅಂಗೆ ಮಾಡ್ಕೊಡಿ” ಅಂದಳು.

ಅವ್ವ ಅಂದರೆ ನನ್ನ ಅತ್ತೆ ಚಿಕ್ಕತಾಯಮ್ಮನವರು. ಅವರು ತೀರಿಕೊಂಡು ಆರು ತಿಂಗಳಾಗಿತ್ತು. ಗಂಡುಮಕ್ಕಳಿಲ್ಲದ ಅವರು ಕೊನೆಯ ಆರು ವರ್ಷ ಮಂಡ್ಯ ಪಕ್ಕದ ಗುತ್ತಲಿನ ನಮ್ಮ ಮನೆಯಲ್ಲೇ ಇದ್ದರು. ಹಾಗಾಗಿ ಈ ಸಲ ಹಿರಿಯರ ಹಬ್ಬಕ್ಕೆ ನಮ್ಮಪ್ಪನ ಎಡೆಯ ಪಕ್ಕದಲ್ಲಿ ಅವರಿಗೂ ಒಂದು ಎಲೆ. ಫೋಟೋ ಬೇಕಾದಷ್ಟಿದ್ದವು. ದನಿ ಮಾತ್ರ ಎಲ್ಲೂ ಇರಲಿಲ್ಲ. ಯಾರಾದರೂ ಮೊಬೈಲ್ ಹಿಡಿದರೆ ಸಾಕು, ಸೆರಗನ್ನು ಬಾಯಿಗೆ ಒತ್ತಿಕೊಂಡು ಒಳಗೆ ಹೋಗಿಬಿಡುತ್ತಿದ್ದರು.

“ಮಕ ಕಣ್ಮುಂದೆ ಬತ್ತದೆ, ದನಿ ಬರಲ್ಲ. ನೆನ್ನೆ ಹಿತ್ತಲಲ್ಲಿ ಕುಂತು ಎಷ್ಟೊತ್ತು ನೆನುಸ್ಕಂಡೆ, ಬರ್ಲೇ ಇಲ್ಲ” ಅಂತ ಸುಮಿತ್ರಾ ಸಿಡಿಯನ್ನು ಸೆರಗಿನಲ್ಲಿ ಒರೆಸಿದಳು. ಅವಳು ಅಳಲಿಲ್ಲ. ಅತ್ತಿದ್ದರೆ ನನಗೆ ಸುಲಭವಾಗುತ್ತಿತ್ತು.

“ಅರ್ಧ ಗಂಟೆ ಕೆಲ್ಸ ಬುಡು” ಅಂದೆ.

ಅತ್ತೆಯವರ ದನಿ ನನಗೂ ಸರಿಯಾಗಿ ನೆನಪಿರಲಿಲ್ಲ. ಅದಕ್ಕೆ ಕಾರಣವಿದೆ. ನಮ್ಮ ಕಡೆ ಹಳೇ ಕಾಲದ ಅತ್ತೆಯಂದಿರು ಅಳಿಯನ ಜೊತೆ ನೇರವಾಗಿ ಮಾತಾಡುವುದಿಲ್ಲ. ನಾನು ಎರಡು ಮಾರು ದೂರದಲ್ಲಿ ಕಾಫಿ ಲೋಟ ಹಿಡಿದು ಕೂತಿದ್ದರೂ ಅವರು ಗೋಡೆ ಕಡೆ ತಿರುಗಿ ಸೆರಗಿನೊಳಗೇ, “ಅಳಿಯಂದ್ರು ಕಾಪಿ ಕುಡುದ್ರಾ ಕೇಳವ್ವ” ಅನ್ನುತ್ತಿದ್ದರು. ನಾನು “ಕುಡಿದೆ ಅಂತ ಹೇಳು” ಅನ್ನುತ್ತಿದ್ದೆ. ನಡುವೆ ಸುಮಿತ್ರಾ ಬಾಯಿ ಬಿಡಬೇಕಾಗಿಯೂ ಇರಲಿಲ್ಲ, ಆದರೆ ಅವಳು ಅಲ್ಲಿರಬೇಕಿತ್ತು. ಅವಳು ಅಂಗಡಿಗೆ ಹೋದರೆ ಮನೆಯೆಲ್ಲ ಗಪ್‌ಚಿಪ್! ಹೀಗೆ ಆರು ವರ್ಷ ನಡೆಯಿತು.

ಶಾಲೆಯ ಲ್ಯಾಪ್‌ಟಾಪ್ ಮನೆಗೆ ತಂದೆ. ಸಿಡಿ ಕೈಯಲ್ಲಿ ಹಿಡಿದು ಅದರ ಎಡಗಡೆ ನೋಡಿದೆ, ಬಲಗಡೆ ನೋಡಿದೆ, ತಿರುಗಿಸಿ ಹೊಟ್ಟೆ ನೋಡಿದೆ. ಸಿಡಿ ಹಾಕುವ ಜಾಗವೇ ಇರಲಿಲ್ಲ.

“ತಟ್ಟೆ ಎಲ್ರೀ?” ಅಂದಳು ಸುಮಿತ್ರಾ.

“ಈಗಿನವುಕ್ಕೆ ಹೊರಗಿಂದ ಹಾಕ್ತಾರೆ” ಅಂತ ಅದು ಮೊದಲಿಂದ ಗೊತ್ತಿದ್ದವನ ಹಾಗೆ ಹೇಳಿ, ಮಾರನೇ ದಿನ ಮಂಡ್ಯದ ಸ್ನೇಹಿತನಿಂದ ಹೊರಗಿನ ಡ್ರೈವೊಂದನ್ನು ಕೇಳಿ ತಂದೆ. ಸಿಡಿ ಹಾಕಿದೆ. ಅದು ಗುಂಯ್ ಅಂತ ತಿರುಗಿತು, ನಿಂತಿತು. ಪರದೆಯ ಮೇಲೆ ಒಂದು ಪ್ರಶ್ನೆ ಬಂತು. ಈ ಡಿಸ್ಕು ಖಾಲಿ ಇದೆ, ಹೊಸದಾಗಿ ಸಿದ್ಧಪಡಿಸಲೇ? ನನ್ನ ಬೆರಳು ಆಗಲೇ ‘ಹೌದು’ ಅನ್ನುವುದರ ಮೇಲಿತ್ತು. ಸುಮಿತ್ರಾ ನನ್ನ ಮಣಿಕಟ್ಟು ಹಿಡಿದಳು.

“ಖಾಲಿ ಅಂದ್ರೆ? ಅವ್ವ ಇಲ್ವಾ ಇದ್ರೊಳಗೆ?”

ಸಿಡಿಯನ್ನು ಕಿಟಕಿಯ ಬೆಳಕಿಗೆ ಹಿಡಿದೆವು. ನಡುವಿನಿಂದ ಅರ್ಧದವರೆಗೆ ಬಣ್ಣ ಸ್ವಲ್ಪ ಬೇರೆ ಇತ್ತು. ಅಲ್ಲಿ ಏನೋ ಇದೆ ಅಂತ ನಮ್ಮ ಕಣ್ಣಿಗೆ ಕಾಣುತ್ತಿತ್ತು, ಯಂತ್ರ ಮಾತ್ರ ಇಲ್ಲವೇ ಇಲ್ಲ ಅನ್ನುತ್ತಿತ್ತು.

ಗೃಹಪ್ರವೇಶದ ವೀಡಿಯೋ ತೆಗೆದವನು ಮಳವಳ್ಳಿಯಲ್ಲಿ ಸ್ಟುಡಿಯೋ ಇಟ್ಟಿದ್ದ ಬೋರೇಗೌಡ. ವಿಚಾರಿಸಿದರೆ ಸ್ಟುಡಿಯೋ ಮುಚ್ಚಿ ಬಹಳ ಕಾಲವಾಗಿದೆ, ಈಗ ತನ್ನೂರು ಬಂಡೂರಿನಲ್ಲಿ ಕುರಿ ಸಾಕಿದ್ದಾನೆ ಅಂತ ಗೊತ್ತಾಯಿತು. ಭಾನುವಾರ ಬಸ್ಸು ಹತ್ತಿದೆ. ಗಿಡ್ಡ ಕಾಲಿನ, ದಪ್ಪ ಬೆನ್ನಿನ ಕುರಿಗಳ ನಡುವೆ ನಿಂತಿದ್ದ ಬೋರೇಗೌಡ ಸಿಡಿಯನ್ನು ಸೂರ್ಯನಿಗೆ ಹಿಡಿದು ನೋಡಿದ.

“ಇದ್ರ ಬಾಯಿ ಮುಚ್ಚಿಲ್ಲ ಸಾ. ಬರೆದಾದ್ಮೇಲೆ ‘ಇಲ್ಲಿಗೆ ಮುಗೀತು’ ಅಂತ ಕೊನೇಲಿ ಗುರುತಾಕಬೇಕು. ಬ್ಯಾಡ ಅಂದ್ರು, ಆಕಿಲ್ಲ. ಅದ್ಕೇ ಈಗಿನವು ಖಾಲಿ ಅಂತವೆ.”

“ಯಾವ ತಲೆಕೆಟ್ಟೋನು ಹಾಕ್ಬೇಡ ಅಂದದ್ದು?” ಅಂದೆ.

“ನೀವೇ ಸಾ! ಅರ್ಧ ಜಾಗ ಅದೆ, ತಂಗಿ ಮಗ್ಳ ಕಿವಿ ಚುಚ್ಚೋ ಶಾಸ್ತ್ರನೂ ಇದ್ರಾಗೇ ಸೇರುಸ್ಮಾ, ಮುಚ್ಬ್ಯಾಡ ಅಂದ್ರಿ. ಕಂಪ್ಯೂಟರ್ ಗೊತ್ತಿರೋರು ಏಳ್ತಾವ್ರೆ ಅಂತ ನಾನೂ ಸುಮ್ಕಾದೆ.”

ಕುರಿಯೊಂದು ನನ್ನ ಮುಖವನ್ನೇ ನೋಡುತ್ತಿತ್ತು. ನಾನು ಬೇರೆ ಕಡೆ ತಿರುಗಿದೆ.

ದಾರಿ ಒಂದೇ ಅಂದ ಬೋರೇಗೌಡ. ಸಿಡಿ ಓದುವ ಪ್ರೋಗ್ರಾಮು ಡ್ರೈವಿನ ಜೊತೆ ನೇರವಾಗಿ ಮಾತಾಡುವುದಿಲ್ಲವಂತೆ. ನಡುವೆ ಒಂದು ಪುಟ್ಟ ಫೈಲು ಕೂತಿರುತ್ತದೆ. ಇವನ ಮಾತು ಅವನಿಗೆ, ಅವನ ಮಾತು ಇವನಿಗೆ ಮುಟ್ಟಿಸುವುದೇ ಅದರ ಕೆಲಸ. ಅದಕ್ಕೆ ಲೈಬ್ರರಿ ಅನ್ನುತ್ತಾರೆ, ಆದರೆ ಅದರಲ್ಲಿ ಪುಸ್ತಕವೂ ಇಲ್ಲ, ಕಪಾಟೂ ಇಲ್ಲ. ಬಾಯಿ ಮುಚ್ಚದ ಸಿಡಿಯ ಭಾಷೆ ಒಂದು ಹಳೇ ಲೈಬ್ರರಿಗೆ ಮಾತ್ರ ಗೊತ್ತು. ಆ ಲೈಬ್ರರಿ ಇರುವುದು ಈ ಸಿಡಿ ಬರೆದಿದ್ದ ಅವನ ಸ್ಟುಡಿಯೋದ ಹಳೇ ಕಂಪ್ಯೂಟರಿನಲ್ಲಿ ಮಾತ್ರ.

“ಅಂದ್ರೆ ನಮ್ಮನೇಲಿ ಸುಮಿತ್ರಾ ಇದ್ದ ಹಾಗೆ” ಅಂದೆ. ಬೋರೇಗೌಡನಿಗೆ ಅರ್ಥವಾಗಲಿಲ್ಲ.

ಆ ಕಂಪ್ಯೂಟರು ಕೊಟ್ಟಿಗೆಯ ಮೂಲೆಯಲ್ಲಿ ಗೋಣಿಚೀಲ ಹೊದ್ದು ಕೂತಿತ್ತು. ವೈರು ಸಿಕ್ಕಿಸಿ ಗುಂಡಿ ಒತ್ತಿದ. ಫ್ಯಾನು ಒಮ್ಮೆ ಕೆಮ್ಮಿ ತಿರುಗಿತು. ಅದೇ ಗಳಿಗೆಯಲ್ಲಿ ಅಲ್ಲಿದ್ದ ಅಷ್ಟೂ ಕುರಿಗಳು ಮೇವು ಬಿಟ್ಟು, ತಲೆಯೆತ್ತಿ, ಸದ್ದಿಲ್ಲದೆ ಆ ಕಡೆ ನೋಡತೊಡಗಿದವು.

“ಇದ ಆನ್ ಮಾಡುದ್ರೆ ಇಂಗೇ ಸಾ. ಯಾಕೋ ಗೊತ್ತಿಲ್ಲ” ಅಂದ.

ಪರದೆಯ ಮೇಲೆ ಎರಡು ಸಾಲು ಮೂಡಿದವು. ಡ್ರೈವ್ ಸೊನ್ನೆ, ಉತ್ತರವಿಲ್ಲ. ಡ್ರೈವ್ ಒಂದು, ಸಿದ್ಧವಿದೆ. ನಾನು ಪೆಟ್ಟಿಗೆಯ ಮುಂದೆ ಬಗ್ಗಿ ನೋಡಿದೆ. ಅದರಲ್ಲಿ ಇದ್ದದ್ದು ಒಂದೇ ಡ್ರೈವು.

“ಇನ್ನೊಂದು ಎಲ್ಲಿ?”

“ಅದು ಯಾವಾಗ್ಲೋ ಸತ್ತೋಯ್ತು, ತಗ್ದಾಕ್ಬುಟ್ಟೆ. ಲೈಬ್ರರಿಗೆ ಇನ್ನೂ ಗೊತ್ತಾಗಿಲ್ಲ.”

ಇರುವುದು ಉತ್ತರ ಕೊಡುತ್ತಿಲ್ಲ, ಸತ್ತಿರುವುದು ಸಿದ್ಧ ಅನ್ನುತ್ತಿದೆ! ಬೋರೇಗೌಡ ಇನ್ನೆರಡು ಮಾತು ಹೇಳಿದ. ಈ ಲೈಬ್ರರಿ ಹಟಮಾರಿ, ಉತ್ತರ ಬರುವ ತನಕ ಬಿಡುವುದಿಲ್ಲ, ತಟ್ಟೆ ತೆಗೆದು ಮುಚ್ಚಿ, ತೆಗೆದು ಮುಚ್ಚಿ ಕೇಳುತ್ತಲೇ ಇರುತ್ತದೆ. ಓದುವುದಕ್ಕೆ ಶುರುವಾದರೆ ಓದಿದ್ದನ್ನು ಆಗಲೇ ತೋರಿಸುತ್ತಾ ಕೇಳಿಸುತ್ತಾ, ಒಂದು ಕಾಪಿ ಒಳಗೆ ಇಟ್ಟುಕೊಳ್ಳುತ್ತದೆ. “ಸಿಡಿ ಹಾಕಿ ಸುಮ್ಕಿರಿ ಸಾ. ನೀವೇನೂ ಮುಟ್ಬ್ಯಾಡಿ” ಅಂದ. ಆ ಮಾತು ನೆನಪಿಡಿ. ನಾನು ನೆನಪಿಡಲಿಲ್ಲ.

ಕುರಿ ವಾಸನೆಯ ಆ ಪೆಟ್ಟಿಗೆಯನ್ನು ತೊಡೆಯ ಮೇಲೆ, ಅದರ ಪರದೆ, ಸ್ಪೀಕರನ್ನು ಕಾಲಬಳಿ ಇಟ್ಟುಕೊಂಡು ಬಸ್ಸಿನಲ್ಲಿ ಮನೆಗೆ ತಂದು, ಹಿರಿಯರ ಫೋಟೋಗಳಿರುವ ಹಾಲಿನ ಮೂಲೆಯಲ್ಲೇ ಸ್ಥಾಪಿಸಿದೆ. ಮೂರು ದಿನ ಅದು ತಟ್ಟೆ ತೆಗೆಯಿತು, ಮುಚ್ಚಿತು. ಉತ್ತರವಿಲ್ಲ. ನಾವು ಊಟಕ್ಕೆ ಕೂತಾಗ ತಟ್ಟೆ ತಾನಾಗಿ ಹೊರಬಂದು ಸ್ವಲ್ಪ ಹೊತ್ತು ಕಾದು ಒಳಗೆ ಹೋಗುತ್ತಿತ್ತು. ಎರಡನೇ ದಿನ ಸುಮಿತ್ರಾ ಆ ಕಡೆಗೆ ಬೆನ್ನು ಹಾಕಿ ಕೂರುವುದನ್ನು ಬಿಟ್ಟಳು. ಮೂರನೇ ದಿನ ನಾನೂ ಬಿಟ್ಟೆ.

ಅಮಾವಾಸ್ಯೆ ಬಂತು. ಬೆಸಗರಹಳ್ಳಿಯಿಂದ ಅತ್ತೆಯ ತಂಗಿ ಸಾಕಮ್ಮನವರು ಬೆಳಿಗ್ಗೆಯೇ ಬಂದಿದ್ದರು. ಅವರೂ ನನಗೆ ಅತ್ತೆಯ ಸಮಾನ, ಅವರೂ ನನ್ನ ಜೊತೆ ಮಾತಾಡುವುದು ಗೋಡೆಯ ಮೂಲಕವೇ. ನಾನು ಕೊನೆಯ ಸಲ ಸಿಡಿ ಒರೆಸಿ ತಟ್ಟೆಯಲ್ಲಿಟ್ಟು, “ಇದರ ಹತ್ರ ಯಾರೂ ಹೋಗ್ಬಾರ್ದು ಅಂತ ಹೇಳು” ಅಂತ ಅಡಿಗೆಮನೆ ಕಡೆ ಕೂಗಿ ಸ್ನಾನಕ್ಕೆ ಹೋದೆ. ಸುಮಿತ್ರಾ ವಡೆ ಕರಿಯುತ್ತಿದ್ದಳು. ಎಣ್ಣೆಯ ಸದ್ದಿನಲ್ಲಿ ಅವಳಿಗೆ ಕೇಳಿಸಿತೋ ಇಲ್ಲವೋ ಅಂತ ನಾನು ನೋಡಲಿಲ್ಲ.

ಸ್ನಾನ ಮುಗಿಸಿ ಬಂದಾಗ ಸಾಕಮ್ಮನವರು ಹಾಲಿನಲ್ಲಿ ಸೆರಗು ಎಳೆದುಕೊಂಡು ಗೋಡೆಗೆ ಒತ್ತಿ ನಿಂತಿದ್ದರು. ಏನೋ ಹೇಳಬೇಕು ಅನ್ನುವ ಹಾಗೆ ತುಟಿ ಆಡುತ್ತಿತ್ತು.

“ಏನಾದ್ರೂ ಬೇಕಿತ್ತಾ?” ಅಂತ ನಾನು ಕ್ಯಾಲೆಂಡರನ್ನು ಕೇಳಿದೆ.

“ಸುಮಿ ಬರ್ಲಿ” ಅಂತ ಅವರು ಗಡಿಯಾರಕ್ಕೆ ಹೇಳಿದರು.

ಸುಮಿ ಬಂದಳು, ಆದರೆ ಎರಡು ಕೈಯಲ್ಲೂ ಪಾತ್ರೆ ಹಿಡಿದು ಅವಸರದಲ್ಲಿ ಬಂದಳು. ಎಲೆ ಹಾಕಿದ್ದಾಯಿತು, ಬಡಿಸಿದ್ದಾಯಿತು, ಹೊಸ ಸೀರೆ ಪಂಚೆ ಇಟ್ಟಿದ್ದಾಯಿತು, ಧೂಪ ಹಾಕಿದ್ದಾಯಿತು. ಇನ್ನು ಹಿರಿಯರು ಬಂದು ಉಣ್ಣಬೇಕು. ಬದುಕಿರುವವರ ಕಣ್ಣು ಬೀಳಬಾರದು ಅಂತ ಬಾಗಿಲು ಎಳೆದು ಚಿಲಕ ಹಾಕಿ, ಮೂವರೂ ಹೊರಗೆ ಮೆಟ್ಟಿಲ ಮೇಲೆ ನಿಂತೆವು. ಆ ಹೊತ್ತಿನಲ್ಲಿ ಯಾರೂ ಮಾತಾಡುವ ಹಾಗಿಲ್ಲ. ಸಾಕಮ್ಮನವರು ಮಾತ್ರ ಸುಮಿತ್ರಾಳ ಸೆರಗು ಜಗ್ಗುತ್ತಲೇ ಇದ್ದರು. ಅವಳು ಸುಮ್ಮನಿರು ಅಂತ ಕಣ್ಣಲ್ಲೇ ಗದರಿಸಿದಳು.

ನಡು ಮಧ್ಯಾಹ್ನ. ಬೀದಿಯಲ್ಲಿ ಒಂದು ನರಪಿಳ್ಳೆಯೂ ಇರಲಿಲ್ಲ. ಎಲ್ಲರ ಮನೆ ಬಾಗಿಲೂ ನಮ್ಮದರ ಹಾಗೇ ಹಾಕಿತ್ತು, ಅವರೆಲ್ಲ ಹಿತ್ತಲಲ್ಲಿ ಕಾಯುತ್ತಿದ್ದರು.

ಒಳಗೆ ಏನೋ ಸರಿದಾಡಿದ ಸದ್ದಾಯಿತು.

ಮೊದಲು ಗುಂಯ್ ಅಂತು. ಆಮೇಲೆ ಟಕ ಟಕ ಟಕ ಅಂತ ಯಾರೋ ಹಲ್ಲಿನಿಂದ ಅಡಿಕೆ ಕಡಿಯುತ್ತಿರುವ ಹಾಗೆ. ನನ್ನ ಅತ್ತೆಯವರು ಎಲೆಅಡಿಕೆ ಇಲ್ಲದೆ ಅರ್ಧ ಗಂಟೆ ಇದ್ದವರಲ್ಲ. ಸುಮಿತ್ರಾ ನನ್ನ ತೋಳು ಹಿಡಿದಳು. ಆಗ ಹಾಕಿದ ಬಾಗಿಲ ಹಿಂದಿನಿಂದ, ತೀರಾ ಹತ್ತಿರದಿಂದ, ಒಂದು ಹೆಣ್ಣು ದನಿ ಕೇಳಿತು.

“ಸುಮೀ... ಬಾಗ್ಲು ಯಾಕವ್ವ ಆಕಂಡಿದ್ದೀರಿ? ತಗೀರಿ. ವೊಗೆ ತುಂಬ್ಕತ್ತಾ ಅದೆ.”

ಒಳಗೆ ನಿಜವಾಗಿಯೂ ಧೂಪದ ಹೊಗೆ ತುಂಬಿತ್ತು! ಸಾಕಮ್ಮನವರು “ಅಕ್ಕಾ” ಅಂತ ಅಲ್ಲೇ ಕುಸಿದು ಕೂತರು. ಸುಮಿತ್ರಾಳ ಕಣ್ಣಿಂದ ನೀರು ಇಳಿಯುತ್ತಿತ್ತು, ಮುಖದಲ್ಲಿ ಮಾತ್ರ ಅಂಥ ಬೆಳಕನ್ನು ನಾನು ಆರು ತಿಂಗಳಿಂದ ಕಂಡಿರಲಿಲ್ಲ.

“ಅವ್ವನ ದನಿ ಕಣ್ರೀ. ಇದೇ ದನಿ. ಇಂಗೇ ಇದ್ದುದ್ದು” ಅಂತ ಪಿಸುಗುಟ್ಟಿದಳು.

“ಆಲುಕ್ತು ಆಲುಕ್ತು! ಸುಮೀ, ಕಣ್ತುಂಬ ನೋಡವ್ವ” ಅಂತು ಒಳಗಿನ ದನಿ. ಆಗ ನನಗೆ ಹೊಳೆಯಿತು. ಅದು ಗೃಹಪ್ರವೇಶದ ದಿನ ಒಲೆಯ ಹೊಗೆ ತುಂಬಿದ ಅಡಿಗೆಮನೆಯಲ್ಲಿ ಹಾಲುಕ್ಕಿಸಿದ್ದು. ಲೈಬ್ರರಿಗೆ ಕೊನೆಗೂ ಉತ್ತರ ಸಿಕ್ಕಿದೆ! ನಾನು ಗೆದ್ದಿದ್ದೇನೆ! ಎದೆ ಉಬ್ಬಿಸಿ ಚಿಲಕಕ್ಕೆ ಕೈ ಹಾಕಿದೆ.

“ಅಳಿಯಂದ್ರೇ, ಮುಟ್ಬ್ಯಾಡಿ!”

ನನ್ನ ಕೈ ಚಿಲಕದ ಮೇಲೇ ಕಲ್ಲಾಯಿತು. ಬದುಕಿದ್ದಾಗ ಒಂದು ಸಲವೂ ನೇರವಾಗಿ ನನ್ನ ಜೊತೆ ಮಾತಾಡದವರು, ಸತ್ತ ಮೇಲೆ, ಅಮಾವಾಸ್ಯೆ ಮಧ್ಯಾಹ್ನ, ನನ್ನನ್ನೇ ಕರೆದು ಹೇಳುತ್ತಿದ್ದಾರೆ! ಅಷ್ಟರಲ್ಲಿ ಒಳಗೆ ಕರ್ರ್ ಅಂತ ಏನೋ ಅರೆದ ಸದ್ದಾಗಿ ಎಲ್ಲವೂ ನಿಂತುಹೋಯಿತು.

ಹಿರಿಯರಿಗೆ ತಿಳಿಯಲಿ ಅಂತ ಬಾಗಿಲು ತಟ್ಟಿ, ಚಿಲಕ ತೆಗೆದು ಒಳಗೆ ನುಗ್ಗಿದೆವು. ಹೊಗೆಯ ನಡುವೆ ಪರದೆ ಬೆಳಗುತ್ತಿತ್ತು. ಓದುವುದು ನಿಂತಿದೆ, ಓದಿದ್ದನ್ನು ಉಳಿಸಲೇ, ಮೊದಲಿಂದ ಓದಲೇ ಅಂತ ಕೇಳುತ್ತಿತ್ತು. ಬುದ್ಧಿ ಇದ್ದವನು ಉಳಿಸು ಅನ್ನುತ್ತಿದ್ದ. ಬೋರೇಗೌಡ ಮುಟ್ಟಬೇಡಿ ಅಂದಿದ್ದ. ಸ್ವತಃ ಅತ್ತೆಯವರೇ ಎದ್ದು ಬಂದು ಮುಟ್ಟಬೇಡಿ ಅಂದಿದ್ದರು. ಆದರೆ ನಾನು ಕಂಪ್ಯೂಟರ್ ಸಾರ್! ಪೂರ್ತಿ ಚೆನ್ನಾಗಿ ಬರಲಿ ಅಂತ ‘ಮೊದಲಿಂದ’ ಒತ್ತಿದೆ.

ಓದಿಟ್ಟಿದ್ದ ಕಾಪಿಯನ್ನು ಅದು ಮೊದಲಿಂದ ಅಳಿಸುತ್ತಾ ಬಂತು. ಡ್ರೈವು ಮತ್ತೆ ತಿರುಗಿತು. ಫಟಾರ್!

ಸುಮಿತ್ರಾ ಹೋಗಿ ಪ್ಲಗ್ಗು ಕಿತ್ತಳು.

ಪೇಪರ್ ಕ್ಲಿಪ್ಪಿನಿಂದ ತಟ್ಟೆ ಹೊರಗೆಳೆದೆ. ಆ ವಿದ್ಯೆಯೊಂದು ನನಗೆ ಬರುತ್ತದಲ್ಲ! ಅಂಚು ಒಡೆದ ಸಿಡಿ, ಅದರ ತುಂಬ ಬಳಿದುಕೊಂಡ ಸುಣ್ಣ, ಚಿಂದಿಯಾದ ವೀಳ್ಯದೆಲೆ, ಗೋಟಡಿಕೆಯ ಚೂರುಗಳು. ನಾನು ಸಾಕಮ್ಮನವರ ಕಡೆ ತಿರುಗಿದೆ. ಅವರು ಗೋಡೆ ಕಡೆ ತಿರುಗಿದರು.

“ಅದು ಬಾಯಿ ತಗುದ್ ತಗುದ್ ಕೇಳ್ತಿತ್ತು ಕಣವ್ವ. ನಮ್ಮಕ್ಕ ಎಲಡ್ಕೆ ಕೇಳ್ತಾವ್ಳೆ ಅಂತ ಒಂದೆಲೆ ಮಡುಗ್ದೆ. ಒಳೀಕ್ ಈಸ್ಕತ್ತು! ಏಳುಮಾ ಅಂದ್ರೆ ನೀನು ಒಲೆ ಮುಂದಿದ್ದೆ. ಅಳಿಯಂದ್ರ ತಾವು ನಾನೆಂಗವ್ವ ಮಾತಾಡ್ಲಿ?”

ನಡುವೆ ಲೈಬ್ರರಿ ಇರಲಿಲ್ಲ, ಆದ್ದರಿಂದ ಸುದ್ದಿ ಮುಟ್ಟಲಿಲ್ಲ. ಅವರ ಮೇಲೆ ಕೋಪ ಮಾಡಿಕೊಳ್ಳುವ ಯೋಗ್ಯತೆ ನನಗಿರಲಿಲ್ಲ. ಅವರು ಒಂದು ಎಲೆ ಇಟ್ಟರು, ಅಷ್ಟೇ. ಕೊನೆಯ ಗುಂಡಿ ಒತ್ತಿದವನು ನಾನು.

ಸುಮಿತ್ರಾ ಎಡೆಯ ಮುಂದೆ ಕೂತು, “ಒಂದ್ಸಲ ಕೇಳಿಸ್ತಲ್ಲ, ಸಾಕು ಬುಡಿ” ಅಂದಳು. ಇಷ್ಟು ನಾಚಿಕೆ ನನಗೆ ಜೀವಮಾನದಲ್ಲಿ ಆಗಿರಲಿಲ್ಲ.

ಮಾರನೇ ದಿನ ಬೋರೇಗೌಡ ಬಂದ. ಪೆಟ್ಟಿಗೆ ಬಿಚ್ಚಿ, ಡ್ರೈವಿನೊಳಗೆ ಸಿಡಿ ಒತ್ತಿ ಹಿಡಿಯುವ ಬಿಲ್ಲೆ ಸಡಿಲವಾಗಿತ್ತು, ಎಲೆಅಡಿಕೆಯ ಭಾರಕ್ಕೆ ಸಿಡಿ ಸರಿಯಾಗಿ ಕೂತು ಓದಿಸಿಕೊಂಡಿದೆ, ಆಮೇಲೆ ಅಡಿಕೆ ಕೆಳಗೆ ಬಿದ್ದು ಕೆಡಿಸಿದೆ ಅಂದ. ಸಾಕಮ್ಮನವರು ಕಿಟಕಿಗೆ, “ಎಲಡ್ಕೆ ಕೊಟ್ಮೇಲೇ ಮಾತಾಡುದ್ಲು ಅನ್ನವ್ವ” ಅಂದರು. ಎರಡೂ ಒಂದೇ ಅಂತ ನನಗನ್ನಿಸಿತು. ಸುಮಿತ್ರಾ ಪ್ಲಗ್ಗು ಕಿತ್ತ ಹೊತ್ತಿಗೆ ಕಾಪಿಯ ಬಾಲವೊಂದು ಅಳಿಯದೆ ಉಳಿದಿತ್ತು. ಸುಮಿಯನ್ನು ಕರೆದದ್ದು ಹೋಗಿತ್ತು, ಹಾಲುಕ್ಕಿದ್ದು ಹೋಗಿತ್ತು. ಉಳಿದ ತುಂಡನ್ನು ಬೋರೇಗೌಡ ಹಾಕಿದ.

ಚಿತ್ರದಲ್ಲಿ ನಾನಿದ್ದೆ. ತಲೆತುಂಬ ಕೂದಲು, ಮುಖದ ತುಂಬ ಆತ್ಮವಿಶ್ವಾಸ. ಕೈ ತೊಳೆದು ಒರೆಸಿಕೊಳ್ಳದೆ, ಅಡಿಗೆಮನೆ ಗೋಡೆಯಿಂದ ಇಳಿಬಿದ್ದ ಬೋಳು ವೈರಿಗೆ ಕೈ ಚಾಚುತ್ತಿದ್ದೆ. ಹೊಸ ಮನೆಯ ಕರೆಂಟಿನ ಕೆಲಸ ಅರ್ಧ ಆಗಿತ್ತಲ್ಲ, ನಾನು ಸರಿಮಾಡಲು ಹೊರಟಿದ್ದೆ. ಹಾಲಿನ ಪಾತ್ರೆ ಬಿಟ್ಟು ಅತ್ತೆಯವರು ಧಾವಿಸಿ ಬಂದು ಚೀರಿದರು. “ಅಳಿಯಂದ್ರೇ, ಮುಟ್ಬ್ಯಾಡಿ!” ಆಮೇಲೆ ತಾನೇನು ಮಾಡಿದೆ ಅಂತ ಗೊತ್ತಾಗಿ ನಾಲಿಗೆ ಕಚ್ಚಿ, ಸೆರಗು ಮುಚ್ಚಿ ಓಡಿದರು. ಅಲ್ಲಿಗೆ ತುಂಡು ಮುಗಿಯಿತು.

ನಾನು ಅದನ್ನು ಮರೆತೇಬಿಟ್ಟಿದ್ದೆ. ಸುಮಿತ್ರಾ ಅತ್ತಳು, ನಕ್ಕಳು, ಇನ್ನೊಂದು ಸಲ ಹಾಕಿ ಅಂದಳು. ಈಗ ಅದು ಅವಳ ಫೋನಿನಲ್ಲಿದೆ. ಬೇಕೆನಿಸಿದಾಗ ಅವ್ವನ ದನಿ ಕೇಳಿಸಿಕೊಳ್ಳುತ್ತಾಳೆ. ನಾನು ಮಿಕ್ಸಿ ಬಿಚ್ಚಲು ಕೂತಾಗಲೂ ಕೇಳಿಸುತ್ತಾಳೆ. ಇಡೀ ಜನ್ಮದಲ್ಲಿ ಅತ್ತೆಯವರು ನನಗೆ ನೇರವಾಗಿ ಆಡಿದ ಒಂದೇ ಮಾತು ಅದು, ಅವರದ್ದು ಅಂತ ಈ ಭೂಮಿಯ ಮೇಲೆ ಉಳಿದಿರುವ ಒಂದೇ ಮಾತೂ ಅದೇ.

ಹೋದ ವಾರ ಸುಮಿತ್ರಾ ಬೆಸಗರಹಳ್ಳಿಗೆ ಹೋಗಿದ್ದಳು. ಫೋನೂ ಅವಳ ಜೊತೆ ಹೋಗಿತ್ತು. ಬೋರೇಗೌಡನ ಪೆಟ್ಟಿಗೆ ಎಂದೋ ಕುರಿಗಳ ಹತ್ತಿರ ವಾಪಸು ಹೋಗಿತ್ತು. ಬೆಳಿಗ್ಗೆ ಹನ್ನೊಂದರ ಹೊತ್ತಿಗೆ ಹಾಲಿನ ಸ್ವಿಚ್‌ಬೋರ್ಡಿನಲ್ಲಿ ಚಟಪಟ ಕಿಡಿ ಬಂತು. ಪಾತ್ರೆ ತೊಳೆಯುತ್ತಿದ್ದವನು ಸ್ಕ್ರೂಡ್ರೈವರ್ ತಂದು, ಸ್ಟೂಲು ಹತ್ತಿ, ಕೈ ಚಾಚಿದೆ.

“ಅಳಿಯಂದ್ರೇ, ಮುಟ್ಬ್ಯಾಡಿ!”

ಕೇಳಿಸಿತೋ, ನೆನಪಾಯಿತೋ, ಪ್ರಮಾಣ ಮಾಡಿ ಹೇಳಲಾರೆ. ಚಾಚಿದ ಕೈಯನ್ನು ಹಿಂದಕ್ಕೆ ಎಳೆದುಕೊಂಡೆ. ಮನೆಯಲ್ಲಿ ಯಾರೂ ಇರಲಿಲ್ಲ. “ಆಯ್ತು ಅಂತ ಹೇಳು” ಅನ್ನೋಣ ಅಂದರೆ ಸುಮಿತ್ರಾಳೂ ಇರಲಿಲ್ಲ. ನೋಡಿಕೊಂಡರೆ ನನ್ನ ಕೈಯಿಂದ ನೀರು ತೊಟ್ಟಿಕ್ಕುತ್ತಿತ್ತು, ಮೇನ್ ಸ್ವಿಚ್ಚೂ ಆರಿಸಿರಲಿಲ್ಲ.

“ಆಯ್ತತ್ತೆ” ಅಂತ ಫೋಟೋಗೆ ನೇರವಾಗಿಯೇ ಹೇಳಿ, ಸ್ಟೂಲಿನಿಂದ ಇಳಿದು ಎಲೆಕ್ಟ್ರಿಷಿಯನ್ನಿಗೆ ಫೋನು ಮಾಡಿದೆ.

ಅವನು ಬಂದು, ಒಂದು ಸ್ಕ್ರೂ ಬಿಗಿ ಮಾಡಿ, ಎರಡೇ ನಿಮಿಷದಲ್ಲಿ ಕೆಲಸ ಮುಗಿಸಿದ. “ಇಷ್ಟಕ್ಕೆ ನನ್ನ ಕರ್ಸುದ್ರಾ? ನೀವು ಕಂಪ್ಯೂಟರ್ ಸಾರ್ ಅಲ್ವಾ?” ಅಂದ.

“ಅಲ್ಲ ಕಣಪ್ಪ” ಅಂದೆ. “ನಾನು ಬರೀ ಈ ಮನೆ ಅಳಿಯ.”